ಹೊಳೆಯಾಚೆ ಸೀಮೆಯ ಖಾಲಿ ಪೀಠ

"ಹೊಳೆಯಾಚೆ ಸೀಮೆಗೆ ನನ್ನಂಥ ಅಧಿಪತಿ ಇನ್ನೊಬ್ಬ ಸಿಗಲಾರ" ಎಂದು ಒಂದೇ ಬೆಳಿಗ್ಗೆ ಮೂವರು ಬೇರೆಬೇರೆಯಾಗಿ ಬಂದು ಅರಸ ವೀರಭೂಪನಿಗೆ ಹೇಳಿಹೋದರು. ಮೊದಲು ಬಂದವನು ರಾಣಿಯ ತಮ್ಮ ಚಂದ್ರಸೇನ. ಆಮೇಲೆ ದಳವಾಯಿ ಹಂಪರಸ. ಕೊನೆಗೆ ಜವಳಿ ವ್ಯಾಪಾರಿ ಪದುಮಣ ಸೆಟ್ಟಿ.

ಅಲ್ಲಿಯವರೆಗೆ ಇಂಥ ಮಾತೇ ಎದ್ದಿರಲಿಲ್ಲ. ಆ ಸೀಮೆಯನ್ನು ಆಳುತ್ತಿದ್ದ ಮಲ್ಲಿನಾಥ ಒಡೆಯ ಎಷ್ಟು ಕಾಲ ಪೀಠದಲ್ಲಿ ಕುಳಿತಿದ್ದನೆಂದರೆ, ಅದರ ಮೆತ್ತೆಯ ಹತ್ತಿ ಅವನ ಮೈಯ ಆಕಾರಕ್ಕೇ ಒಗ್ಗಿಹೋಗಿತ್ತು. ಆ ದಸರೆಗೆ ಅವನು ಮಂಡಿನೋವೆಂದು ಮುದ್ರೆ ಒಪ್ಪಿಸಿದ, ಮತ್ತೆ ಪೀಠ ಕೇಳುವುದಿಲ್ಲವೆಂದೂ ಹೇಳಿದ. ಯುಗಾದಿಗೆ ಹೊಸ ಅಧಿಪತಿಯನ್ನು ಆರಿಸುವುದೆಂದು ಡಂಗುರ ಸಾರಲಾಯಿತು. ಅದುವರೆಗೆ ಹೊಳೆ ದಾಟಿಯೇ ಅರಿಯದ ಈ ಮೂವರಿಗೆ ಅಲ್ಲಿಯ ಜನರ ಕಷ್ಟ ನೆನೆದು ನಿದ್ದೆ ಬಾರದಾಯಿತು.

ಅರಸ ತನ್ನ ಆಸ್ಥಾನದ ಜಾಣ ಬೊಮ್ಮರಸನನ್ನು ಕರೆಸಿದ.

"ಪೀಠ ಒಂದು, ಕೇಳುವವರು ಮೂವರು. ಒಬ್ಬನೂ ನನ್ನ ಮೇಲೆ ಮುನಿಯಬಾರದು. ರಾಣಿ ಮಾತು ಬಿಡಬಾರದು. ಸೀಮೆಯ ಜನ ಬಯ್ಯಬಾರದು. ಇದನ್ನು ನೀನು ಮಾಡಿಸಿಕೊಡಬೇಕು. ಆಗದಿದ್ದರೆ ಯುಗಾದಿಗೆ ಗಂಟುಮೂಟೆ ಕಟ್ಟಿಕೊಂಡು ನೀನೇ ಅಲ್ಲಿಗೆ ಅಧಿಪತಿಯಾಗಿ ಹೊರಡು."

ಬೇರೆಯವರಾಗಿದ್ದರೆ ಕುಣಿದಾಡುತ್ತಿದ್ದರು. ಬೊಮ್ಮರಸನಿಗೆ ಅದು ಶಿಕ್ಷೆಯಾಗಿ ಕಂಡಿತು. ಅವನ ಒಬ್ಬಳೇ ಮಗಳು ಚೊಚ್ಚಲ ಬಸುರಿ, ಯುಗಾದಿಯ ಹೊತ್ತಿಗೆ ಮನೆಯಲ್ಲಿ ಮೊಮ್ಮಗು ಅಳಬೇಕಿತ್ತು. ಅಧಿಪತಿಯಾದವನು ಸೀಮೆ ಬಿಟ್ಟು ಬರುವಂತಿಲ್ಲ. ಮೊಮ್ಮಗುವಿನ ಮುಖ ನೋಡುವಷ್ಟರಲ್ಲಿ ಅದಕ್ಕೆ ಮೀಸೆ ಬಂದಿರುತ್ತಿತ್ತು.

ಮನೆಗೆ ಬಂದು ಹೆಂಡತಿಯ ಮುಂದೆ ಹೇಳಿಕೊಂಡ. ಆಕೆಯ ತವರು ಹೊಳೆಯಾಚೆಯೇ. ಆಕೆ ಎಲೆಗೆ ಸುಣ್ಣ ಸವರಿ, ಮಡಿಸಿ ಕೈಗೆ ಕೊಟ್ಟಳು. ಬೊಮ್ಮರಸ ಆ ಎಲೆಯನ್ನೇ ನೋಡುತ್ತ ಕುಳಿತವನು, ಮೆಲ್ಲಗೆ ನಗತೊಡಗಿದ.

ಮರುದಿನ ಅವನು ಅರಸನಿಗೆ, ಕೆಲಸ ನೋಡಿ ಪೀಠ ಕೊಡುವುದೆಂದು ಸಾರಿಸಬೇಕೆಂದ. ಅರಸ ಸಾರಿಸಿದ. ಬೊಮ್ಮರಸ ಮೂವರನ್ನೂ ಕಂಡು, ಜನರ ಮುಂದೆ ನಿಂತು ನಾಲ್ಕು ಮಾತಾಡಿದರೆ ಒಳ್ಳೆಯದಲ್ಲವೇ ಎಂದು ಒಬ್ಬೊಬ್ಬರ ಕಿವಿಯಲ್ಲೂ ಊದಿದ.

ಹೊಳೆಯಾಚೆಯ ದೊಡ್ಡ ಆಲದಡಿ ಊರೂರಿನ ಹಿರಿಯರು ಸೇರಿದರು. ಹೋಳಿಗೆ ಊಟ ಭರ್ಜರಿಯಾಗಿಯೇ ಆಯಿತು. ಊಟದ ಮೇಲೆ ಮಾತು. ಚಂದ್ರಸೇನ ಕಾಡಿನ ನಡುವೆ ಗಾಡಿಯ ದಾರಿ ಮಾಡಿಸುವೆನೆಂದ. ಹಂಪರಸ ಒಡೆದ ಕೆರೆಯ ಏರಿಗೆ ಕಲ್ಲು ಕಟ್ಟಿಸುವೆನೆಂದ. ಇನ್ನೇನೂ ಉಳಿಯದೆ ಪದುಮಣ ಸೆಟ್ಟಿ ಹೊಳೆಗೇ ಸೇತುವೆ ಹಾಕಿಸುವೆನೆಂದುಬಿಟ್ಟ. ಹಾಗೆಂದ ಮೇಲೆ ಅವನೇ ಒಮ್ಮೆ ಹೊಳೆಯ ಕಡೆ ತಿರುಗಿ ನೋಡಿದ.

ಆಗ ಹಿರಿಯಳಾದ ಕಾಳವ್ವ ಎದ್ದು ತಟ್ಟೆ ಹಿಡಿದು ನಿಂತಳು. ಅದರಲ್ಲಿ ಮೂರು ವೀಳ್ಯ. ಬೊಮ್ಮರಸ ಸುಮ್ಮನೆ ಆಲದ ಬಿಳಲು ಎಣಿಸುತ್ತಿದ್ದ.

ರಾಜಧಾನಿಯಲ್ಲಿ ಊಟದ ಮೇಲೆ ಎಲೆಯಡಿಕೆ ಹಾಕಿದರೆ ಹೊಟ್ಟೆ ಹಗುರವಾಗುತ್ತದೆ, ಅಷ್ಟೆ. ಮೊದಲು ಎತ್ತಿದವನಿಗೇ ಮೊದಲ ಮರ್ಯಾದೆ ಎಂದುಕೊಂಡು ಮೂವರೂ ಒಟ್ಟಿಗೆ ಕೈ ಹಾಕಿದರು. ಚಂದ್ರಸೇನನಂತೂ ಆಗಲೇ ಅಗಿಯತೊಡಗಿದ್ದ.

ಕಾಳವ್ವ ತಟ್ಟೆಯನ್ನು ಕಂಕುಳಿಗೆ ಸೇರಿಸಿ ಕೇಳಿದಳು: "ಎಲ್ಲರೂ ಕಂಡೆವು, ಸ್ವಾಮಿ. ಕೆಲಸ ಯಾವತ್ತಿಂದ?"

"ಯಾವ ಕೆಲಸ?" ಎಂದ ಹಂಪರಸ.

"ನೀವೇ ಹೇಳಿದ್ದು. ನಮ್ಮ ಕಡೆ ಸಭೆಯಲ್ಲಿ ಮಾತಾಡಿ ವೀಳ್ಯ ಎತ್ತಿದವರು ಆ ಕೆಲಸ ಒಪ್ಪಿಕೊಂಡ ಹಾಗೆ. ಪೀಠ ಸಿಕ್ಕಲಿ, ಬಿಡಲಿ. ಬೇಡವೆಂದರೆ ಪೇಟ ತೆಗೆದು, ಬರಿ ತಲೆಯಲ್ಲಿ ಇಲ್ಲೇ ನಿಂತು ವೀಳ್ಯ ಹಿಂದಿಡಬೇಕು." ಆಮೇಲೆ ಚಂದ್ರಸೇನನ ಕಡೆ ನೋಡಿ, "ಇವರದು ಹಿಂದಿಡುವ ಹಾಗೂ ಇಲ್ಲವಲ್ಲ" ಎಂದಳು.

ಚಂದ್ರಸೇನ ನುಂಗಿಕೊಂಡ.

ಪೇಟ ತೆಗೆಯುವ ಧೈರ್ಯ ಉಳಿದಿಬ್ಬರಿಗೂ ಬರಲಿಲ್ಲ. ಒಬ್ಬ ತೆಗೆದರೆ ಇನ್ನಿಬ್ಬರ ದಾರಿ ಸಲೀಸಾಗುತ್ತದಲ್ಲ. ವಾರ ಕಳೆಯುವಷ್ಟರಲ್ಲಿ ಮೂವರೂ ಸ್ವಂತ ಖರ್ಚಿನಲ್ಲಿ ಆಳು ಹಚ್ಚಿ, ಒಬ್ಬರ ಕೆಲಸವನ್ನು ಇನ್ನೊಬ್ಬರು ಕದ್ದು ನೋಡಿಕೊಳ್ಳುತ್ತ, ಬಿಸಿಲಲ್ಲಿ ಕಪ್ಪಗಾದರು. ಮಧ್ಯಾಹ್ನಕ್ಕೆ ಏಳುತ್ತಿದ್ದ ತಮ್ಮ ಈಗ ಕೋಳಿಗಿಂತ ಮುಂಚೆ ಏಳುತ್ತಾನಂತೆ ಎಂದು ರಾಣಿ ಸಿಕ್ಕಸಿಕ್ಕವರಿಗೆಲ್ಲ ಹೇಳಿಕೊಂಡು ತಿರುಗಿದಳು.

ಯುಗಾದಿ ಹತ್ತಿರವಾಯಿತು. ಒಂದು ದಿನ ಚಂದ್ರಸೇನ ಗುಟ್ಟಾಗಿ ಬೊಮ್ಮರಸನ ಮನೆಗೆ ಬಂದ. ತನ್ನ ದಾರಿಗೆ ಒಂದು ಬಂಡೆ ಅಡ್ಡವಿದೆ, ಈಗಲೇ ಆರಿಸಿದರೆ ಹಂಪರಸನ ಏರಿ ಗೆಲ್ಲುತ್ತದೆ, ಹೇಗಾದರೂ ದಸರೆಯವರೆಗೆ ಮುಂದೂಡಿಸು ಎಂದ. ಅವನು ಹಿತ್ತಲ ಬಾಗಿಲಿಂದ ಹೊರಡುವಾಗ ಮುಂಬಾಗಿಲಲ್ಲಿ ಹಂಪರಸ ನಿಂತಿದ್ದ. ಏರಿಯ ತೂಬು ಇನ್ನೂ ಕೂತಿಲ್ಲ, ಸೆಟ್ಟಿಯ ಸೇತುವೆಯೇ ಮುಂದಿದೆ, ಮುಂದೂಡಿಸು ಎಂದ ಅವನೂ. ಸಂಜೆ ಸೆಟ್ಟಿಯೂ ಬಂದ. ಅವನ ಸೇತುವೆಗೆ ಒಂದು ಕಮಾನು ಬಾಕಿ.

ಬೊಮ್ಮರಸ ಇದನ್ನೆಲ್ಲ ಅರಸನಿಗೆ ಒಪ್ಪಿಸಿ ಕೈಕಟ್ಟಿ ನಿಂತ. ಆಯ್ಕೆ ಮುಂದಕ್ಕೆ ಹೋದರೆ ಮೂವರೂ ಪ್ರಭುಗಳ ಉಪಕಾರ ಮರೆಯುವುದಿಲ್ಲ ಎಂದ.

ಅರಸ ಬೆರಳು ಮಡಿಸಿ ಎಣಿಸಿದ. ಯಾರೂ ಮುನಿದಿಲ್ಲ. ರಾಣಿ ಮಾತು ಬಿಟ್ಟಿಲ್ಲ. ಸೀಮೆಯಿಂದ ಬೈಗುಳ ಬಂದಿಲ್ಲ, ಬಂದದ್ದು ಒಂದು ಗಾಡಿ ಕುಂಬಳಕಾಯಿ.

"ಎಲ್ಲ ಸರಿಯಯ್ಯ ಬೊಮ್ಮರಸ. ಆದರೆ ಈಗ ಹೊಳೆಯಾಚೆ ಸೀಮೆಗೆ ಅಧಿಪತಿ ಯಾರು?"

"ಖಾಲಿ ಪೀಠ, ಪ್ರಭು. ಒಡೆಯರು ಅಷ್ಟು ಕಾಲ ಕೂತು ಮಾಡಿಸದ ಕೆಲಸವನ್ನು ಅದು ಆರೇ ತಿಂಗಳಲ್ಲಿ ಮಾಡಿಸಿದೆ. ಅಂಥದ್ದರ ಮೇಲೆ ಯಾರನ್ನೋ ಕೂರಿಸಿ ಅದಕ್ಕೇಕೆ ತೊಂದರೆ ಕೊಡುತ್ತೀರಿ?"

ಅರಸ ನಕ್ಕು ಸುಸ್ತಾದ. ಹೊಸ ಅಧಿಪತಿಗೆಂದು ನೇಯಿಸಿಟ್ಟ ಜರಿಶಾಲನ್ನು ಬೊಮ್ಮರಸನ ಮನೆಗೆ ಕಳಿಸಿದ. ಯುಗಾದಿಯ ಮರುದಿನ ಹುಟ್ಟಿದ ಮೊಮ್ಮಗಳನ್ನು ಅದರಲ್ಲೇ ಸುತ್ತಿ ಮಲಗಿಸಿದರು.