ಚಿತ್ತಮ್ಮನ ಒರತೆ

ಸಕಲರೋಗಭಯನಿವಾರಿಣಿಯಾದ ಶ್ರೀ ಗಡಿಮಾರಮ್ಮ ದೇವಿಯ ಸನ್ನಿಧಿಗೆ ಆಗಮಿಸಿರುವ ಭಕ್ತಮಹಾಶಯರೇ, ಪುರಾಣಶ್ರವಣದಿಂದ ಪುಣ್ಯಪ್ರಾಪ್ತಿಯೆಂಬುದು ಹಿರಿಯರ ಮಾತು. ಆದರೆ ಈ ಕ್ಷೇತ್ರದ ಕಥೆಯನ್ನು ಕೇಳಿದವರಿಗೆ ಮೊದಲು ನಾಚಿಕೆ ಬರಬೇಕು, ಪುಣ್ಯ ಆಮೇಲಿನದು.

ಪೂರ್ವಕಾಲದಲ್ಲಿ ಕರೆಗುಡ್ಡ, ಬನ್ನಿಹಟ್ಟಿ, ಮುದ್ದಗುಂಟೆಗಳೆಂಬ ಮೂರು ಗ್ರಾಮಗಳ ಸೀಮೆಗಳು ಕೂಡುವ, ಯಾರಿಗೂ ಸೇರದ ಈ ಶಿಲಾಮಯ ಪ್ರದೇಶದಲ್ಲಿ ಕಾಟಯ್ಯನೆಂಬ ಗೋಪಾಲಕನು ವಾಸವಾಗಿದ್ದು, ಮೂಲಿಕೆಗಳ ಗುಣದೋಷಗಳನ್ನು ಗುರುಮುಖದಿಂದಲ್ಲದೆ, ತನ್ನ ಗೋವುಗಳು ಮೇದದ್ದನ್ನೂ ಮೂಸಿ ಬಿಟ್ಟದ್ದನ್ನೂ ನೋಡಿಯೇ ಅರಿತು, ಈ ಸೀಮೆಯ ನಾಟಿವೈದ್ಯಕ್ಕೆ ಆದಿಪುರುಷನಾದನು. ಬಾಲ್ಯದಲ್ಲಿ ಸಿಡುಬೆದ್ದು ಬದುಕಿ ಉಳಿದಿದ್ದ ಅವನು, ಒಮ್ಮೆ ಬಂದುಹೋದ ದೇಹಕ್ಕೆ ಆ ವ್ಯಾಧಿಯು ಮರಳಿ ಬಾರದೆಂದು ಕಂಡುಕೊಂಡು, ಹೆತ್ತವರೂ ಮುಟ್ಟಲಂಜುವ ರೋಗಿಗಳನ್ನು ನಿರ್ಭಯನಾಗಿ ಉಪಚರಿಸುತ್ತಿದ್ದನು.

ಅಂದಿನ ರೂಢಿ ಕ್ರೂರವಾದುದು. ಮಹಾಮಾರಿಯು ಹೊಕ್ಕ ಊರಿನವರು ಮಣ್ಣಿನ ಮಾರಿಯನ್ನೂ ಅದರೊಡನೆ ಸಿಡುಬೆದ್ದವರನ್ನೂ ಗಡಿಯಾಚೆ ಇಳಿಸಿ, ಹಿಂದಿರುಗಿ ನೋಡದೆ ಬರುವರು. ಆಚೆಯವರು ಅವರನ್ನು ಮುಂದಿನ ಗಡಿಗೆ ಸಾಗಿಸುವರು. ಹೀಗೆ ಸಾಗುತ್ತಲೇ ರೋಗಿಗಳು ದಾರಿಯಲ್ಲಿ ಸಾಯುವರು. ಒಂದು ಕಡುಬೇಸಗೆಯಲ್ಲಿ ಮೂರೂರಿಗೂ ಮಾರಿ ಬಡಿಯಲು, ಇಲ್ಲಿಗೆ ಬಂದವರನ್ನು ಇನ್ನು ಮುಂದಕ್ಕೆ ಸಾಗಗೊಡೆನೆಂದು ಪಣತೊಟ್ಟ ಕಾಟಯ್ಯನು ಎಲ್ಲರನ್ನೂ ಈ ಬಂಡೆಯ ನೆರಳಿನಲ್ಲಿ ಬೇವಿನ ಸೊಪ್ಪಿನ ಮೇಲೆ ಮಲಗಿಸಿಕೊಂಡನು. ತಂದೆಗೆ ಬುತ್ತಿ ತಂದು ತಂದು ತಾನೂ ರೋಗ ತಗಲಿಸಿಕೊಂಡ, ತಾಯಿಯಿಲ್ಲದ ಅವನ ಒಬ್ಬಳೇ ಮಗಳು ಚಿತ್ತಮ್ಮನೂ ಅವರ ನಡುವೆ ಮಲಗಿದಳು.

ಮಾರಿಯು ತಮ್ಮ ಗಡಿಯಲ್ಲೇ ನೆಲೆನಿಂತಳೆಂದು ನಡುಗಿದ ಮೂರೂರಿನವರು ಸುತ್ತಲೂ ಜಾಲಿಮುಳ್ಳಿನ ಬೇಲಿ ಬಿಗಿದರು. ಒಳಗಿದ್ದ ನೀರು ತೀರಿತು. ರೋಗಿಯು ಯಾರ ನೀರು ಕುಡಿದರೆ ಅವರ ಮನೆಗೇ ಮಾರಿ ನಡೆದುಬರುವಳೆಂಬುದು ಆ ಜನರ ನಂಬಿಕೆ. ಕಾಟಯ್ಯನು ಬೇಲಿಗೆ ಕೈಯೊಡ್ಡಿ ಅಂಗಲಾಚಿದಾಗ ಕರೆಗುಡ್ಡದ ಗೌಡನು, "ಬೀದೀಲಿ ಹೋಗೋ ಮಾರೀನ ಮನೆಗೆ ಕರ್ದಂಗಾಯ್ತದೆ ಕಣಯ್ಯ, ಬನ್ನಿಹಟ್ಟಿಯೋರ್ನ ಕೇಳೋಗು" ಎಂದನು. ಬನ್ನಿಹಟ್ಟಿಯವರು ಮುದ್ದಗುಂಟೆಯತ್ತ ಕೈ ತೋರಿದರು. ಮುದ್ದಗುಂಟೆಯವರು ಬೇಲಿಯ ಹತ್ತಿರಕ್ಕೇ ಬರಲಿಲ್ಲ.

ಅಷ್ಟರಲ್ಲಿ ಚಿತ್ತಮ್ಮನ ಗುಳ್ಳೆಗಳು ಬಾಡಿ ಹಕ್ಕಳೆ ಉದುರತೊಡಗಿತ್ತು. ತಂದೆಯ ಮದ್ದು ವ್ಯಾಧಿಯನ್ನು ಗೆದ್ದಿತ್ತು. "ಅಪ್ಪಾ, ಒಂದ್ ಗುಟುಕು" ಎನ್ನುತ್ತ ಆ ಮಗು ಬಾಯಾರಿ ಪ್ರಾಣ ಬಿಟ್ಟಿತು.

ಕಾಟಯ್ಯನು ಬಂಡೆಯ ಬುಡದಲ್ಲಿ ಬರಿಗೈಯಿಂದ ಮಗಳಿಗೆ ಕುಳಿ ತೋಡುತ್ತಿರಲು, ಆ ಕುಳಿಯಲ್ಲಿಯೇ ಜಲವು ಉಕ್ಕಿತು. ಆಗ ಸಾಕ್ಷಾತ್ ಮಾರಿಯೇ ಅಶರೀರವಾಣಿಯಾಗಿ, "ಎಲೈ ನರರಿರಾ, ನಾನು ಬಿಟ್ಟ ಕೂಸನ್ನು ನೀವು ಕೊಂದಿರಿ. ಲೋಕಕ್ಕೆಲ್ಲ ತೀರ್ಥವಾದ ಈ ನೀರಿನ ಮುಂದೆ ನಿಮ್ಮ ಸಂತತಿ ಬಾಯಾರಿ ನಿಲ್ಲಲಿ" ಎಂದು ನುಡಿದಳು. ಕಾಟಯ್ಯನು ಆ ನೀರನ್ನು ಕುಡಿಸಿ ಉಳಿದ ರೋಗಿಗಳನ್ನೆಲ್ಲ ಬದುಕಿಸಿದನು. ತಾನು ಮಾತ್ರ ಒಂದು ಹನಿಯನ್ನೂ ಮುಟ್ಟದೆ ಮಗಳ ಪಕ್ಕದಲ್ಲಿ ದೇಹತ್ಯಾಗ ಮಾಡಿದನು.

ಬಂಡೆಯ ಬುಡದಲ್ಲಿ ಭಕ್ತರು ಇಂದು ಕಾಣುವ, ಒಂದು ಮಗು ಮಲಗುವಷ್ಟೇ ಉದ್ದದ ಒರತೆಯು ಅದೇ. ಪರಸ್ಥಳದವರು ಅದರ ತೀರ್ಥವನ್ನು ಸೇವಿಸಬಹುದು. ಮೂರೂರಿನವರು ಮಾತ್ರ ಚೈತ್ರದ ಅಮಾವಾಸ್ಯೆಯಂದು ಮನೆಯಿಂದ ಬಿಂದಿಗೆ ಹೊತ್ತು ತಂದು, ಬಂದವರಿಗೆಲ್ಲ ಕುಡಿಸಿ, ತಾವು ಒಣಬಾಯಲ್ಲೇ ಹಿಂದಿರುಗುತ್ತಾರೆ. ಅಂದು ಜನಜಂಗುಳಿಯಲ್ಲಿ ಯಾವುದಾದರೊಂದು ಮಗು ನೀರು ಎಂದರೆ ಸಾಕು, ಮೂರೂರಿನ ಮುದುಕರೂ ಓಡುತ್ತಾರೆ.