ಕುಂಬಳಕಾಯಿ ಒಡೆದ ದಿನ

ತೋಪಿನ ಗೊರವಂಕ ಹಾಡಿದರೆ ಮೇಯುವ ದನಗಳೂ ತಲೆ ಎತ್ತುತ್ತಿದ್ದವು. ಒಂದು ವರ್ಷ ಅದಕ್ಕೆ ಹಾಡು ಸಾಕೆನಿಸಿತು. "ಹಾಡುವವರು ಬಹಳ ಮಂದಿ, ಹಾಡಿಸುವವರು ಯಾರಿದ್ದಾರೆ?" ಎಂದು ಸಿನಿಮಾ ತೆಗೆಯಲು ಹೊರಟಿತು. ನವಿಲನ್ನು ಕುಣಿಸಿತು, ಕೋಗಿಲೆಯಿಂದ ಹಾಡಿಸಿತು. ತಾನು ಬಂಡೆಯ ಮೇಲೆ ಕೂತು ದಿನವಿಡೀ "ಶುರು ಮಾಡಿ", "ಸಾಕು, ನಿಲ್ಲಿಸಿ", "ಇನ್ನೊಮ್ಮೆ" ಎನ್ನುತ್ತಿತ್ತು. ಸಿನಿಮಾಗಳು ಗೆದ್ದವು.

ಆರನೆಯದರ ಚಿತ್ರೀಕರಣ ಮುಗಿದು ಕುಂಬಳಕಾಯಿ ಒಡೆದ ದಿನ, ಗೊರವಂಕದ ಹಾಡಿಗೆಂದೇ ಹಿಂದೆ ದಿನವೂ ಬರುತ್ತಿದ್ದ ಆಮೆ ತೆವಳಿಕೊಂಡು ಬಂತು.

"ತಾಯಿ, ನನ್ನ ಕಿವಿ ಮಂದವಾಗುತ್ತಿದೆ. ಪೂರಾ ಹೋಗುವ ಮುಂಚೆ ಆ ಬೆಳಗಿನ ಹಾಡು ಕೇಳಬೇಕು."

"ಅದಕ್ಕೇನಂತೆ, ಕೋಗಿಲೆಯಿಂದ ಹಾಡಿಸುತ್ತೇನೆ."

"ಬೇಡ. ನೀವೇ ಹಾಡಿ."

ಗೊರವಂಕ ಕಣ್ಣು ಮುಚ್ಚಿ ಬಾಯಿ ತೆರೆಯಿತು. ದಿನವೂ ಆಡುವ ಮಾತೇ ಕೊರಳಿಗೆ ಅಂಟುವುದು ಅದರ ಜಾತಿಯ ಗುಣ. "ಶುರು ಮಾಡಿ" ಎಂದು ಬಂತು. ಬೆದರಿ ಮತ್ತೆ ರಾಗ ಎಳೆದು ನೋಡಿತು. "ಇನ್ನೊಮ್ಮೆ" ಎಂದು ಬಂತು.

ಆಮೆ ಬಹಳ ಹೊತ್ತು ಕತ್ತು ಚಾಚಿ ಕಾಯಿತು. ಆಮೇಲೆ ತಲೆ ಬಾಗಿಸಿತು.

"ನನಗೆ ಹಾಡು ಕೇಳಿಸಲೇ ಇಲ್ಲ ತಾಯಿ. ಮಾತಷ್ಟೇ ಕೇಳುತ್ತಿದೆ, ಹಾಡಿಗೆ ಕಿವಿ ಪೂರಾ ಹೋಗಿದೆ. ಆದರೂ ನನಗೋಸ್ಕರ ಹಾಡಿದಿರಲ್ಲ, ಅಷ್ಟು ಸಾಕು."