ಕೊಟ್ರಮ್ಮನ ಮಗ ಬ್ಯಾಂಕಾಕಿನಲ್ಲಿ ವೀಳ್ಯ ಕೊಟ್ಟದ್ದು

ಈ ಕತೇಲಿ ರಾಜ ಇಲ್ಲ, ರಾಣಿ ಇಲ್ಲ. ಒಬ್ಬಳು ಅವ್ವ, ಒಬ್ಬ ಮಗ. ಅಷ್ಟೇ ಸಾಕು, ಕೂತ್ಕೊಳ್ಳಿ ಹೇಳ್ತೀನಿ.

ದಾವಣಗೆರೇಲಿ ಕೊಟ್ರಮ್ಮ ಅಂತ ಒಬ್ಬಳು ಮಂಡಕ್ಕಿ ಮಿರ್ಚಿ ಅಂಗಡಿ ಇಟ್ಟಿದ್ದಳು. ಗಂಡ ತೀರಿಹೋಗಿದ್ದ. ಮಗ ಹಾಲೇಶ ಇದ್ದ. ಇದ್ದ ಅಂದ್ರೆ ಇದ್ದ, ಅಷ್ಟೇ. "ಎಣ್ಣೆ ಕಾದೈತಾ ನೋಡಲೇ" ಅಂದ್ರೆ ನೋಡ್ತಾ ನಿಂತ್ಕೊಳ್ಳೋನು. ಹೊಗೆ ಬಂದ್ರೂ ನೋಡೋನು, ಬಾಣಲೆ ಹೊತ್ಕೊಂಡು ಉರಿದ್ರೂ ನೋಡೋನು. ಯಾಕಲೇ ಹೇಳಲಿಲ್ಲ ಅಂತ ಕೇಳಿದ್ರೆ, "ನೀನು ನೋಡು ಅಂದೆ, ಹೇಳು ಅನ್ನಲಿಲ್ಲವ್ವ" ಅನ್ನೋನು. ಕೊಟ್ರಮ್ಮ ಹಣೆ ಹಣೆ ಚಚ್ಕೊಳ್ಳೋಳು. ನಾನು ಕಣ್ಣು ಮುಚ್ಚಿದ ಮೇಲೆ ಇವನಿಗೆ ಅನ್ನ ಹಾಕೋರು ಯಾರು ಅನ್ನೋದು ಅವಳ ಹಗಲೂ ರಾತ್ರಿ ಯೋಚನೆ.

ಮಂಡಕ್ಕಿ ಭಟ್ಟಿ ಸಾವ್ಕಾರ ಷಡಕ್ಷರಪ್ಪನಿಗೆ ಒಬ್ಬಳೇ ಮಗಳು, ಮಂಗಳ. ಅವನು ಮನೆ ಅಳಿಯನ್ನ ಹುಡುಕ್ತಾ ಇದ್ದ. ಕೊಟ್ರಮ್ಮ ಮೆಲ್ಲಗೆ ಮಾತು ತೆಗೆದಳು. ಷಡಕ್ಷರಪ್ಪ ಗಡ್ಡ ಕೆರೆದುಕೊಂಡು ಹೇಳಿದ: "ನೋಡವ್ವ, ನನಗೆ ಓದು ಬೇಡ, ಆಸ್ತಿ ಬೇಡ. ಹೇಳಿದ ಮಾತು ಕೇಳಬೇಕು. ನಾವು ಊರೋರೆಲ್ಲ ಸೇರಿ ಬ್ಯಾಂಕಾಕ್ ಟೂರ್ ಹೊಂಟೀವಿ, ನೀವೂ ಬರ್ರಿ. ಹುಡುಗನ್ನ ನೋಡಿದಂಗೂ ಆಗುತ್ತೆ, ದೇಶ ನೋಡಿದಂಗೂ ಆಗುತ್ತೆ."

ಕೊಟ್ರಮ್ಮ ಬಳೆ ಅಡವಿಟ್ಟು ಹೊರಟೇಬಿಟ್ಟಳು. ಹೊರಟಳೇನೋ ಸರಿ, ಆದರೆ ಮಗನ್ನ ಹೋಟೆಲ್ ರೂಮಿಂದ ಈಚೆಗೇ ಬಿಡಲಿಲ್ಲ. ಒಂದು ದಿನ ಹೊಟ್ಟೆನೋವು ಅಂದಳು, ಒಂದು ದಿನ ಜ್ವರ ಅಂದಳು. ಕೊನೇ ದಿನ ಷಡಕ್ಷರಪ್ಪನೇ ಬಾಗಿಲು ತಟ್ಟಿದ. "ಸಾಯಂಕಾಲ ಹಳೇ ಪೇಟೇಲಿ ತಿಂಡಿ ತಿನ್ನಿಸ್ಕೊಂಡು ತಿರುಗಿಸ್ತಾರಂತೆ. ಹುಡುಗ ಬರಲೇಬೇಕು. ಅಲ್ಲೇ ನನ್ನ ಮಾತು ಹೇಳಿಬಿಡ್ತೀನಿ."

ಆ ಹಳೇ ಪೇಟೆ ಹೆಸರು ತಲಾತ್ ನೋಯ್. ಸಂದಿಗೊಂದಿ, ಸಾಲುಸಾಲು ಒಲೆ, ಹೊಗೆ, ಘಮಘಮ. ತಿರುಗಿಸೋ ಹುಡುಗಿ ಹೆಸರು ಪ್ಲೋಯ್. ನಮ್ಮ ಕಡೆಯವರನ್ನ ತಿರುಗಿಸಿ ತಿರುಗಿಸಿ ಅರೆಬರೆ ಕನ್ನಡ ಕಲಿತಿದ್ದಳು. "ಬನ್ನಿ ಬನ್ನಿ, ನೂರು ವರ್ಷದ ಅಂಗಡಿ. ತಿನ್ನಿ ತಿನ್ನಿ, ನೂರು ವರ್ಷದ ಬಾಣಲೆ." ನಮ್ಮವರು "ಹೌದಾ, ಹೌದಾ" ಅಂತ ಬಾಣಲೆ ಮುಟ್ಟಿ ಕಣ್ಣಿಗೊತ್ತಿಕೊಂಡರು. ಬೀದಿ ತಿಂಡಿ ತಿನ್ನೋಕೆ ದುಡ್ಡು ಕಟ್ಟಿ ಬಂದ ಇವರೆಲ್ಲರ ಚೀಲದಲ್ಲೂ ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ ಇತ್ತು, ಅದು ಬೇರೆ ವಿಷಯ.

ಕೊಟ್ರಮ್ಮ ಮಗನ ಕಿವಿ ಹಿಡಿದು ಹೇಳಿದಳು: "ಪ್ಲೋಯಮ್ಮನ ಕೈಲಿ ಹಸಿರು ಕೊಡೆ ಐತೆ ನೋಡು. ಅದನ್ನ ಬಿಟ್ಟು ಕಣ್ಣು ಕದಲಿಸಬೇಡ. ಹಸಿರು ಕೊಡೆ ಎಲ್ಲಿ ಹೋಗುತ್ತೋ ಅಲ್ಲಿ ಹೋಗು."

"ಆಯ್ತವ್ವ, ಹಂಗೇ ಮಾಡ್ತೀನಿ."

ನಾಲ್ಕು ಹೆಜ್ಜೆ ಹೋದ್ರು, ಹನಿ ಉದುರಿತು. ಯಾರೋ ಮುದುಕಿ ತರಕಾರಿ ಚೀಲ ಹಿಡ್ಕೊಂಡು ಅಡ್ಡ ಬಂದು ಕೊಡೆ ಬಿಚ್ಚಿದಳು. ಹಸಿರು ಕೊಡೆ. ಹಾಲೇಶ ಅದರ ಹಿಂದೆ ಹೋದ. ಕೊಡೆ ಎಡಕ್ಕೆ ಹೋಯ್ತು, ಇವನೂ ಎಡಕ್ಕೆ ಹೋದ. ಕೊಡೆ ಮೆಟ್ಟಿಲು ಹತ್ತಿತು, ಇವನೂ ಹತ್ತಿದ. ಕೊಡೆ ಮನೆಯೊಳಗೆ ಹೋಗಿ ಮೂಲೇಲಿ ನಿಂತಿತು, ಇವನೂ ಮೂಲೇಲಿ ನಿಂತ.

ಇತ್ತ ಗುಂಪೆಲ್ಲ ಹುಡುಗ ಕಳೆದುಹೋದ ಅಂತ ಬೀದಿ ಬೀದಿ ಹುಡುಕಿತು. ಕೊನೆಗೆ ನೋಡಿದ್ರೆ ಆ ಮುದುಕಿ, ಪಾಪ ಹಸಿದವನು ಅಂತ, ಇವನಿಗೆ ಅನ್ನ ಹಾಕಿ ಪಕ್ಕದಲ್ಲಿ ಗಾಳಿ ಬೀಸ್ತಾ ಕೂತಿದ್ದಳು.

"ಅಯ್ಯೋ ನನ್ನ ಹಣೆಬರಹವೇ. ಕೊಡೆ ನೋಡ್ತಾರೇನಲೇ? ಮನುಷ್ಯರನ್ನ ನೋಡಬೇಕು. ಸಾವ್ಕಾರ್ರು ಎಷ್ಟು ದೊಡ್ಡೋರು, ನಾಲ್ಕು ದೇಶ ತಿರುಗಿದೋರು. ಅವರ ಬೆನ್ನ ಹಿಂದೇನೇ ಇರು. ಅವರು ಹೆಂಗೆ ಮಾಡ್ತಾರೋ ಹಂಗೇ ಮಾಡು."

"ಆಯ್ತವ್ವ, ಹಂಗೇ ಮಾಡ್ತೀನಿ."

ಮುಂದಿನ ಅಂಗಡೀಲಿ ಬಿಸಿಬಿಸಿ ಶಾವಿಗೆ ಸಾರು. ಮೇಲೆ ಹಳದಿ ಬಾವುಟ, ಅದರ ಮೇಲೆ ಕೆಂಪಕ್ಷರ. "ನೋಡ್ರಿ, ಕನ್ನಡ ಬಾವುಟ ಇಲ್ಲಿಗೂ ಬಂದೈತೆ" ಅಂತ ಷಡಕ್ಷರಪ್ಪ ಎದೆಯುಬ್ಬಿಸಿ ಕೈ ಎತ್ತಿ ಸಲಾಮು ಹೊಡೆದ. ಪ್ಲೋಯ್ ನಕ್ಕಳು. "ಅಲ್ಲ ಅಲ್ಲ. ಹಳದಿ ಬಾವುಟ ಅಂದ್ರೆ ಮಾಂಸ ಇಲ್ಲ, ಮೀನು ಇಲ್ಲ, ಈರುಳ್ಳಿ ಕೂಡ ಇಲ್ಲ. ತಿನ್ನಿ ತಿನ್ನಿ."

ಸಾರು ಬಂತು. ಷಡಕ್ಷರಪ್ಪ ಮೇಲಿಂದ ಒಂದು ಫೋಟೋ ತೆಗೆದ, ಪಕ್ಕದಿಂದ ಒಂದು ಫೋಟೋ ತೆಗೆದ. ಮೂಸಿ ನೋಡಿ, "ಆಹಾ, ಅಮೃತ" ಅಂದ. ಊರಿಗೆಲ್ಲ ಫೋಟೋ ಕಳಿಸಿದ. ಆಮೇಲೆ ಅಂಗಡಿಯಾಕೆ ಆ ಕಡೆ ತಿರುಗಿದ್ದೇ ತಡ, ಬಟ್ಟಲನ್ನ ಬೆಂಚಿನ ಕೆಳಗಿನ ಚರಂಡಿಗೆ ಬಗ್ಗಿಸಿದ. ಬಾವುಟ ಏನು ಹೇಳಿದ್ರೇನು, ಸಾರಲ್ಲಿ ಏನಿದೆಯೋ ಯಾರಿಗೆ ಗೊತ್ತು.

ಹಾಲೇಶ ಎಲ್ಲ ನೋಡ್ಕೊಂಡ. ಎದ್ದು ನಿಂತ. ಮೇಲಿಂದ ಒಂದು ಫೋಟೋ, ಪಕ್ಕದಿಂದ ಒಂದು ಫೋಟೋ. ಮೂಸಿ ನೋಡಿ, "ಆಹಾ, ಅಮೃತ" ಅಂದ. ಆಮೇಲೆ ಅಂಗಡಿಯಾಕೆಯ ಮುಖ ನೋಡ್ತಾನೇ ಸಾರನ್ನ ಧಾರಾಳವಾಗಿ ಚರಂಡಿಗೆ ಸುರಿದ.

ಅಂಗಡಿಯಾಕೆ ಸೌಟು ಕೆಳಗಿಟ್ಟಳು. ಅವಳ ಕಣ್ಣಲ್ಲಿ ನೀರು ಬಂತು. ಪ್ಲೋಯ್ ಓಡಿ ಬಂದು ಕೈ ಜೋಡಿಸಿದಳು.

"ಯಾಕಪ್ಪಾ ಹಿಂಗ್ ಮಾಡ್ದೆ?" ಅಂದಳು ಕೊಟ್ರಮ್ಮ.

"ಸಾವ್ಕಾರ್ರು ಹಂಗೇ ಮಾಡಿದ್ರಲ್ಲವ್ವ. ಅಕಾ, ಅವರ ಬಟ್ಟಲೂ ಖಾಲಿ, ಅವರ ಚಪ್ಪಲೀಲೂ ಶಾವಿಗೆ."

ಎಲ್ಲರೂ ಷಡಕ್ಷರಪ್ಪನ ಚಪ್ಪಲಿ ನೋಡಿದರು. ಷಡಕ್ಷರಪ್ಪ ಆಕಾಶ ನೋಡಿದ. ಮಂಗಳ ಒಬ್ಬಳೇ ಯಾರನ್ನೂ ನೋಡದೆ ತನ್ನ ಬಟ್ಟಲು ಮುಗಿಸಿ, ಅಪ್ಪ ಖಾಲಿ ಮಾಡಿದ ಅಂತ ಅಂಗಡಿಯಾಕೆ ಆಗಲೇ ತಂದಿಟ್ಟಿದ್ದ ಇನ್ನೊಂದು ಬಟ್ಟಲನ್ನೂ ಹತ್ತಿರಕ್ಕೆ ಎಳ್ಕೊಂಡಳು.

ಕೊಟ್ರಮ್ಮ ಮಗನ್ನ ಸಂದಿಗೆ ಎಳೆದಳು. "ಅಯ್ಯೋ ನನ್ನ ಹಣೆಬರಹವೇ. ಅನ್ನ ಚೆಲ್ತಾರೇನಲೇ? ನಮ್ಮ ಅಂಗಡೀಲಿ ಯಾರಾದ್ರೂ ಮಿರ್ಚಿ ಚೆಲ್ಲಿದ್ರೆ ನನ್ನ ಹೊಟ್ಟೆ ಉರಿಯಲ್ವಾ? ಇನ್ನು ಮೇಲೆ ಬಡಿಸಿಟ್ಟಿದ್ದು ಎಲ್ಲಿ ಕಂಡ್ರೂ ಒಂದು ಅಗುಳೂ ಬಿಡದೆ ತಿನ್ನು."

"ಆಯ್ತವ್ವ, ಹಂಗೇ ಮಾಡ್ತೀನಿ."

ಕೊನೇ ಅಂಗಡಿಗೆ ಬಂದರು. ಒಬ್ಬಳು ಬೊಚ್ಚುಬಾಯಿ ಅಜ್ಜಿ ಎಲೆ ಮಡಚಿ ಮಾರ್ತಾ ಕೂತಿದ್ದಳು. ಅಂಗಡಿ ಪಕ್ಕ ಕಂಬದ ಮೇಲೆ ಗುಬ್ಬಿಗೂಡಿನಂಥ ಒಂದು ಪುಟ್ಟ ಮನೆ. ಒಳಗೆ ಮರದ ಗೊಂಬೆಗಳು, ಒಬ್ಬ ಅಜ್ಜ, ಒಬ್ಬಳು ಅಜ್ಜಿ. ಅವು ಆ ಜಾಗ ಕಾಯೋ ದೇವರು. ಮುಂದೆ ಬಾಳೆಲೆ ಮೇಲೆ ಅನ್ನ, ಬಾಳೆಹಣ್ಣು, ಕಾಯಿ, ಬೆಲ್ಲ ಎಡೆ ಇಟ್ಟಿದ್ದರು. ಕುಡಿಯೋಕೆ ಕೆಂಪು ಸೋಡಾ ಬಾಟಲಿ, ಅದಕ್ಕೊಂದು ಸ್ಟ್ರಾ. ಆ ದೇಶದ ದೇವರಿಗೆ ಕೆಂಪು ಸೋಡಾ ಅಂದ್ರೆ ಪ್ರಾಣ.

ಹಾಲೇಶ ಅದನ್ನ ನೋಡಿದ. ಬಡಿಸಿಟ್ಟಿದ್ದಾರೆ ಅಂದ. ಅನ್ನ ತಿಂದ, ಹಣ್ಣು ತಿಂದ, ಕಾಯಿ ಬೆಲ್ಲ ತಿಂದ. ಸೋಡಾ ಸೊರ್ ಅಂತ ಎಳೆದ. ಎಲೆಗೆ ಅಂಟಿದ ಅಗುಳನ್ನೂ ಬಿಡಿಸಿ ಬಾಯಿಗೆ ಹಾಕ್ಕೊಂಡ. ಅಜ್ಜಿ ಎರಡು ಕೈಯಲ್ಲೂ ಕೆನ್ನೆ ಹಿಡ್ಕೊಂಡು ನೋಡ್ತಾ ಕೂತಳು.

"ಅಯ್ಯೋ ನನ್ನ ಹಣೆಬರಹವೇ. ಅದು ದೇವರ ಎಡೆ ಕಣಲೇ. ಎಲೆ ಮೇಲೆ ಕಾಯಿ ಬೆಲ್ಲ ಕಂಡ್ರೆ ಅದು ನಮ್ಮದಲ್ಲ, ಅವರದ್ದು. ಅವರ ಮುಂದೆ ಇಟ್ಟು, ಕೈ ಮುಗಿದು, ತಿರುಗಿ ನೋಡದೆ ಬಂದುಬಿಡಬೇಕು. ತಿಳೀತಾ?"

"ಆಯ್ತವ್ವ, ಹಂಗೇ ಮಾಡ್ತೀನಿ."

ಕೊಟ್ರಮ್ಮ ಅಲ್ಲೇ ಮೆಟ್ಟಿಲ ಮೇಲೆ ಕುಸಿದು ಕೂತಳು. ಸಂಬಂಧ ಮುರೀತು ಅಂತ ಅವಳಿಗೆ ಖಾತ್ರಿಯಾಯ್ತು. ಸೆರಗು ಬಾಯಿಗೆ ಒತ್ತಿಕೊಂಡು ಅತ್ತಳು, ಪಾಪ.

ಆದರೆ ಷಡಕ್ಷರಪ್ಪನ ಲೆಕ್ಕಾಚಾರವೇ ಬೇರೆ. ಅವನು ಸಾಯಂಕಾಲದಿಂದ ಸೊಸೆ ಹುಡುಕೋ ಅತ್ತೆ ಥರ ಹುಡುಗನ್ನ ನೋಡ್ತಾನೇ ಇದ್ದ. ಕೊಡೆ ಹಿಂದೆ ಹೋಗು ಅಂದ್ರೆ ಹೋಗ್ತಾನೆ. ಸುರಿ ಅಂದ್ರೆ ಸುರೀತಾನೆ. ತಿನ್ನು ಅಂದ್ರೆ ತಿಂತಾನೆ. ಯಾಕೆ ಅಂತ ಒಂದು ಸಲಾನೂ ಕೇಳಲ್ಲ. ಭಟ್ಟಿ ಮುಂದೆ ನಿಲ್ಲಿಸಿ ಹುರಿ ಅಂದ್ರೆ ಸಾಯೋತನಕ ಹುರೀತಾನೆ, ಸಂಬಳ ಅನ್ನೋ ಮಾತು ಎತ್ತಲ್ಲ. ಇಂಥ ಅಳಿಯ ಹಗಲು ದೀಪ ಹಚ್ಚಿ ಹುಡುಕಿದ್ರೂ ಸಿಗಲ್ಲ ಅಂದುಕೊಂಡ.

"ಅಳೋದ್ಯಾಕೆ ಕೊಟ್ರಮ್ಮಾರೆ? ಹುಡುಗ ನನಗೆ ಒಪ್ಪಿಗೆ ಆದ."

ಕೊಟ್ರಮ್ಮನಿಗೆ ನಂಬಿಕೇನೇ ಬರಲಿಲ್ಲ.

ಷಡಕ್ಷರಪ್ಪ ಅಜ್ಜಿಯ ತಟ್ಟೆ ನೋಡಿದ. ಥೇಟ್ ವೀಳ್ಯದೆಲೆ ಥರಾನೇ ಎಲೆ, ಅದರ ಮೇಲೆ ಹುರಿದ ಕೊಬ್ಬರಿ, ಶೇಂಗಾ, ನಿಂಬೆ ಚೂರು, ಬೆಲ್ಲದ ಪಾಕ. ಆ ದೇಶದೋರು ಅದನ್ನ ಮಡಚಿ ತಿಂಡಿ ಅಂತ ತಿಂತಾರೆ. ಷಡಕ್ಷರಪ್ಪನ ಮುಖ ಅರಳಿತು. "ಎಲೆ ಐತೆ, ಕೊಬ್ಬರಿ ಐತೆ, ಬೆಲ್ಲ ಐತೆ. ಅಡಿಕೆ ನನ್ನ ಜೇಬಲ್ಲಿ ಐತೆ. ಊರ ಜನಾನೂ ಇಲ್ಲೇ ಅದಾರೆ. ವೀಳ್ಯದ ಶಾಸ್ತ್ರ ಇಲ್ಲೇ ಮುಗಿಸಿಬಿಡಾಣ. ಊರಲ್ಲಾದ್ರೆ ಛತ್ರ, ಊಟ, ಎಲ್ಲಾ ದಂಡ."

ಮಂಗಳನ್ನ ಯಾರೂ ಕೇಳಲಿಲ್ಲ. ಅವಳು ಒಂದು ಎಲೆ ಮಡಚಿ ಬಾಯಿಗಿಟ್ಟು ಅಗೀತಾ ಇದ್ದಳು.

ಷಡಕ್ಷರಪ್ಪ ತಟ್ಟೆಗೆ ಅಡಿಕೆ ಇಟ್ಟ, ಎಲ್ಲರ ಕಡೆ ತಿರುಗಿದ. "ಈ ವೀಳ್ಯ ಯಾರು ಇಸ್ಕೊಂತಾರೋ ಅವರ ಮನೆಗೆ ನನ್ನ ಮಗಳು. ಇದು ಷಡಕ್ಷರಪ್ಪನ ಮಾತು. ಹಿಡೀರಿ ಅಳಿಯಂದ್ರೆ."

ಹಾಲೇಶ ತಟ್ಟೆ ಹಿಡಿದ. ನೋಡಿದ. ಎಲೆ ಮೇಲೆ ಕಾಯಿ, ಕಾಯಿ ಮೇಲೆ ಬೆಲ್ಲ. ಗಂಭೀರವಾಗಿ ತಿರುಗಿದ, ಕಂಬದ ಹತ್ತಿರ ಹೋದ. "ಎಷ್ಟು ಭಕ್ತಿ ನೋಡ್ರಿ, ದೇವರ ಮುಂದಿಟ್ಟು ತರೋಕೆ ಹೊಂಟ" ಅಂದ್ರು ಜನ. ಕೊಟ್ರಮ್ಮನ ಎದೆ ತುಂಬಿ ಬಂತು.

ಹಾಲೇಶ ಕೈ ಮುಗಿದ, ತಿರುಗಿ ನೋಡದೆ ಬಂದ. ಬರಿಗೈಲಿ ಬಂದ.

"ವೀಳ್ಯ ಎಲ್ಲಪ್ಪಾ?"

"ಅವರದ್ದು ಅವರಿಗೆ ಕೊಟ್ಟು ಬಂದೆ."

"ಯಾರಿಗೆ?"

"ಆ ಮನೆ ಅಜ್ಜ ಅಜ್ಜಿಗೆ."

ಯಾರೋ ಪ್ಲೋಯನ್ನ ಕೇಳಿದರು, ವಾಪಸ್ ತರಬಹುದಾ ಅಂತ. "ಬೇಡ ಬೇಡ. ಅಲ್ಲಿ ಇಟ್ಟದ್ದು ಅವರದ್ದೇ" ಅಂದಳು ಪ್ಲೋಯ್. ಇನ್ನೊಂದು ತಟ್ಟೆ ತಗೊಳ್ಳಿ ಸಾವ್ಕಾರ್ರೆ ಅಂದರು ಇನ್ಯಾರೋ. ಷಡಕ್ಷರಪ್ಪ ತಲೆ ಮೇಲೆ ಕೈ ಹೊತ್ತು ಬೆಂಚಿನ ಮೇಲೆ ಕೂತುಬಿಟ್ಟ. "ಒಬ್ಬ ಹುಡುಗಿಗೆ ಎರಡು ವೀಳ್ಯ ಕೊಡೋಕಾಗುತ್ತೇನ್ರಿ? ಊರೋರ ಎದುರಿಗೆ ಬಾಯಿಬಿಟ್ಟು ಹೇಳೀನಿ. ಹುಡುಗಿ ಆ ಮನೆಗೇ ಆದಳು."

ಕೊಟ್ರಮ್ಮನಿಗೆ ಕೈಗೆ ಬಂದ ತುತ್ತು ಬಾಯಿಗೆ ಬರದಂಗಾಯ್ತು. ಮಗನ ರಟ್ಟೆ ಹಿಡಿದು ಅಲ್ಲಾಡಿಸಿದಳು. "ಅಯ್ಯೋ ನನ್ನ ಹಣೆಬರಹವೇ. ಹೋಗಲೇ. ವೀಳ್ಯ ಇಸ್ಕೊಂಡೋರನ್ನ ಹೆಂಗಾದ್ರೂ ಒಪ್ಪಿಸ್ಕೊಂಡು ಬಾ. ಬರಿಗೈಲಿ ಬಂದ್ಯೋ, ನೀನು ನನ್ನ ಮಗನೇ ಅಲ್ಲ."

"ಆಯ್ತವ್ವ, ಹಂಗೇ ಮಾಡ್ತೀನಿ."

ಹೋದ. ಸ್ವಲ್ಪ ಹೊತ್ತಿಗೆ ಬಂದ. ಎಡಗೈಲಿ ಮರದ ಅಜ್ಜ, ಬಲಗೈಲಿ ಮರದ ಅಜ್ಜಿ. ಹಿಂದೇನೇ ಬೊಚ್ಚುಬಾಯಿ ಅಜ್ಜಿ ದಡಬಡ ಅಂತ ಓಡಿ ಬರ್ತಾ ಇದ್ದಳು. ಹಾಲೇಶ ಎರಡೂ ಗೊಂಬೇನ ಷಡಕ್ಷರಪ್ಪನ ಪಕ್ಕದಲ್ಲಿ ಜೋಪಾನವಾಗಿ ಕೂರಿಸಿ, ಅವರ ಮುಂದೆ ಆ ಸೋಡಾ ಬಾಟಲಿ ಇಟ್ಟು, ಅವ್ವನ ಕಡೆ ತಿರುಗಿದ.

"ಅವ್ವ, ಗಂಡಿನ ಅಪ್ಪ ಅವ್ವ ಒಪ್ಪಿ ಬಂದಾರೆ. ಗಂಡು ಮನೇಲಿರಲಿಲ್ಲ."